ರಜಾ ಯಾಕ ಬೇಕು?

ನನ್ನ ಮಾವಶಿ ಎಷ್ಟು ಅಜ್ಜಿಯರನ್ನು ಸಾವಿನ ಬಾಯಿಂದ ಎಳೆದು ತಂದಿದ್ದಾಳೋ ಲೆಕ್ಕ ಇಟ್ಟವರಿಲ್ಲ. ಹಾಗಂತ ಅವಳು ಡಾಕ್ಟರಲ್ಲ, ನರ್ಸ್ ಅಲ್ಲ, ಮಂತ್ರ ಹಾಕುವವಳಂತೂ ಅಲ್ಲವೇ ಅಲ್ಲ. ಪುಣೆಯ ಕೊಂಢವಾದಲ್ಲಿ ನೀರಿನ ಪಂಪು ಮಾಡುವ ಒಂದು ಕಾರ್ಖಾನೆಯಿದೆ. ಅಲ್ಲಿ ರಜೆಯ ಲೆಕ್ಕ ಬರೆಯುವ ಗುಮಾಸ್ತೆ, ಅಷ್ಟೇ! ಆದರೆ "ಅಜ್ಜಿ ತೀರಿಕೊಂಡಳು, ನಾಲ್ಕು ದಿನ ರಜೆ ಬೇಕು" ಎಂದು ಯಾರಾದರೂ ಅವಳ ಟೇಬಲ್ಲಿನ ಮುಂದೆ ಬಂದು ನಿಂತರೆ, ಐದೇ ನಿಮಿಷದಲ್ಲಿ ಆ ಅಜ್ಜಿ ಎದ್ದು ಕೂತು ಚಹಾ ಕೇಳುತ್ತಿದ್ದಳು.

ಒಂದು ಸಲ ನಾನೇ ಕಣ್ಣಾರೆ ಕಂಡಿದ್ದೇನೆ. ಆಗ ನಾನು ಕಾಲೇಜಿನಲ್ಲಿದ್ದೆ, ಅವಳು ಮನೆಯಲ್ಲಿ ಮರೆತು ಬಂದ ಕನ್ನಡಕ ಕೊಡಲು ಹೋಗಿದ್ದೆ. ಫಿಟ್ಟರನೊಬ್ಬ ಮುಖ ಸಣ್ಣದು ಮಾಡಿಕೊಂಡು ನಿಂತಿದ್ದ. ಅಥಣಿ ಕಡೆಯವನು, ಆದ್ದರಿಂದ ವಿಚಾರಣೆ ಕನ್ನಡದಲ್ಲೇ ನಡೆದಿತ್ತು.

"ಯಾರು ಹೋದ್ರಪಾ?"

"ಅಜ್ಜಿರಿ ಮಾವಶಿ."

"ತಾಯಿ ತಾಯಿಯೋ, ತಂದಿ ತಾಯಿಯೋ?"

"ತಂದಿ ತಾಯಿರಿ."

ಮಾವಶಿ ಕೆಂಪು ರಟ್ಟಿನ ದಪ್ಪ ಪುಸ್ತಕವನ್ನು ತಿರುವಿದಳು. "ಅವರು ಹೋದ ವರ್ಷ ಗಣಪತಿ ಹಬ್ಬದಾಗ ತೀರಿಕೊಂಡಾರಲ್ಲ? ಇಲ್ಲೆ ಬರದದ ನೋಡು. ಮೂರು ದಿನ ರಜಾ ತಗೊಂಡೀ."

"ಹಂಗಾರ... ತಾಯಿ ತಾಯಿರಿ."

"ಅವರು ಅದಕ್ಕೂ ಮೊದಲ ಹೋಗ್ಯಾರ. ವಾರಕರಿ ಮಂದಿ ಪಾಲಖಿ ಊರಾಗ ಬಂದಿತ್ತು ನೋಡು, ಆ ದಿನ."

ಫಿಟ್ಟರ ತಲೆ ಕೆರೆದುಕೊಂಡ. "ಇವರು ಅಜ್ಜನ ಎರಡನೇ ಹೆಂಡ್ತಿರಿ."

"ಅಜ್ಜ ಹೆಂಗ ಅದಾರ?"

"ಊರಾಗ ಅರಾಮ ಅದಾರ್ರಿ."

"ಅವರ ಫೋನ್ ನಂಬರ್ ಹೇಳು. ಪಾಪ, ಇಬ್ಬರು ಹೆಂಡಂದಿರನ್ನ ಕಳಕೊಂಡಾರ. ನಾಲ್ಕು ಸಮಾಧಾನದ ಮಾತು ಹೇಳತೇನಿ."

ಅಲ್ಲಿಗೆ ಮೂರನೆಯ ಅಜ್ಜಿ ಬದುಕಿಕೊಂಡಳು! ಹಿಂದೆ ಸಾಲಿನಲ್ಲಿ ನಿಂತಿದ್ದವರಲ್ಲಿ ಇಬ್ಬರು ಸದ್ದಿಲ್ಲದೆ ತಮ್ಮ ತಮ್ಮ ಯಂತ್ರದ ಕಡೆ ಹೊರಟುಹೋದರು. ಅವರ ಮನೆಯಲ್ಲೂ ಯಾರೋ ಬದುಕಿರಬೇಕು.

ಮಾವಶಿ ಎಂದರೆ ನನ್ನ ತಾಯಿಯ ಅಕ್ಕ. ಧಾರವಾಡದಲ್ಲಿ ಹುಟ್ಟಿ, ಮದುವೆಯಾಗಿ ಪುಣೆಯ ಧನಕವಡಿಗೆ ಬಂದವಳು. ಮರಾಠಿಯಲ್ಲೂ ಮಾವಶಿ ಎಂದರೆ ಮಾವಶಿಯೇ ಆದ್ದರಿಂದ ಇಡೀ ಕಾರ್ಖಾನೆ ಅವಳನ್ನು ಹಾಗೆಯೇ ಕರೆಯುತ್ತಿತ್ತು. ಅವಳ ಟೇಬಲ್ಲು ಇದ್ದದ್ದು ಹಾಜರಿ ಹಾಕುವ ಯಂತ್ರದ ಪಕ್ಕದಲ್ಲಿ, ಎಲ್ಲರೂ ಹಾದುಹೋಗುವ ಜಾಗದಲ್ಲಿ. ಅವಳ ದನಿ ಎರಡು ಶೆಡ್ಡು ದಾಟಿ ಕೇಳಿಸುತ್ತಿತ್ತು. ಯಾರ ಮೈದುನನ ಮದುವೆ, ಯಾರ ಮಗುವಿಗೆ ಕಾಮಾಲೆ, ಯಾರಿಗೆ ಮೂಲವ್ಯಾಧಿ, ಎಲ್ಲವೂ ಹತ್ತು ನಿಮಿಷದಲ್ಲಿ ಕ್ಯಾಂಟೀನಿಗೆ ತಲುಪುತ್ತಿತ್ತು. ಯಾವ ಕಂಪ್ಯೂಟರಿಗೆ ಅಷ್ಟು ವೇಗ ಬರುತ್ತದೆ, ನೀವೇ ಹೇಳಿ!

ಕಂಪ್ಯೂಟರು ಬಂದೇ ಬಂತು. ವಯಸ್ಸಾದ ಮಾಲೀಕರು ಕಾರ್ಖಾನೆಯನ್ನು ಮಗಳ ಕೈಗೆ ಕೊಟ್ಟರು. ಮಗಳು ಅಧಿಕಾರಕ್ಕೆ ಬಂದ ಮೇಲೆ ಮಾಡಿದ ಮೊದಲ ಕೆಲಸಗಳಲ್ಲಿ ಒಂದು, ರಜೆಯನ್ನು ಮೊಬೈಲಿಗೆ ಹಾಕುವುದು. ಅದರ ಕೆಲಸ ಸಿಕ್ಕಿದ್ದು ವಿಮಾನ ನಗರದ ಒಂದು ಸಣ್ಣ ಸಾಫ್ಟ್‌ವೇರ್ ಕಂಪನಿಗೆ. ಆ ಕಂಪನಿಯಲ್ಲಿ, ನನ್ನ ಗ್ರಹಚಾರ, ನಾನಿದ್ದೆ.

"ನಿಮಗೆ ಲೋಕಲ್ ಭಾಷೆ ಎಲ್ಲಾ ಬರುತ್ತಲ್ಲ, ನೀವೇ ಹೋಗಿಬಿಡಿ. ಸ್ವಲ್ಪ ಚೇಂಜ್ ಮ್ಯಾನೇಜ್‌ಮೆಂಟ್ ನೋಡ್ಕೊಳ್ಳಿ" ಎಂದರು ಬೆಂಗಳೂರಿನವರಾದ ನನ್ನ ಬಾಸ್. ಚೇಂಜ್ ಮ್ಯಾನೇಜ್‌ಮೆಂಟ್ ಎಂದರೆ ಗೊತ್ತಲ್ಲ? ಬದಲಾಗಲು ಮನಸ್ಸಿಲ್ಲದವರನ್ನು ಒಂದೆಡೆ ಕೂರಿಸಿ ಬಣ್ಣಬಣ್ಣದ ಬಾಣಗಳಿರುವ ಚಿತ್ರ ತೋರಿಸುವುದು. ಯಾವ ಕಾರ್ಖಾನೆ ಎಂದು ಕೇಳಿದೆ. ಮಾವಶಿಯ ಕಾರ್ಖಾನೆ!

ತರಬೇತಿ ನಡೆದದ್ದು ಕ್ಯಾಂಟೀನಿನಲ್ಲಿ. ಫೋರ್‌ಮನ್‌ಗಳು, ಗುಮಾಸ್ತರು, ಕಾರ್ಮಿಕರು ಎಲ್ಲ ಸೇರಿದ್ದರು. ಮೊದಲ ಸಾಲಿನ ನಟ್ಟನಡುವೆ, ತೊಡೆಯ ಮೇಲೆ ಚೀಲ ಇಟ್ಟುಕೊಂಡು ಮಾವಶಿ. ನಾನು ಗಂಟಲು ಸರಿಮಾಡಿಕೊಂಡು ಮರಾಠಿಯಲ್ಲಿ ಹೇಳಿದೆ: "ಇನ್ನು ಮುಂದೆ ಯಾರೂ ಯಾರ ಮುಂದೆಯೂ ನಿಂತು ರಜೆ ಕೇಳಬೇಕಾಗಿಲ್ಲ."

ಎಲ್ಲರ ಕಣ್ಣೂ ಮಾವಶಿಯ ಬೆನ್ನ ಮೇಲೆ. ಅವಳು ನಿಧಾನವಾಗಿ ಕೈ ಎತ್ತಿ, ಮರಾಠಿಯಲ್ಲೇ ಶುರು ಮಾಡಿದಳು.

"ನಂದೊಂದು ಪ್ರಶ್ನಿ ಅದ."

"ಕೇಳ್ರಿ" ಎಂದೆ, ನೆಂಟಸ್ತನ ಗೊತ್ತಾಗದಿರಲಿ ಎಂದು ಗತ್ತಿನಿಂದ.

"ಮುಂಜಾನೆ ಏನರ ತಿಂದೀಯೇನವಾ? ಮಾರಿ ಯಾಕ ಹಿಂಗ ಬಾಡೇದ?"

ನನ್ನ ಚೇಂಜ್ ಮ್ಯಾನೇಜ್‌ಮೆಂಟು ಅಲ್ಲಿಗೆ ಮುಗಿಯಿತು. ಇಡೀ ಕ್ಯಾಂಟೀನು ನಗುತ್ತಿರುವಾಗ ಅವಳು ಎದ್ದು ಬಂದು, ಲ್ಯಾಪ್‌ಟಾಪಿನ ಪಕ್ಕ ಥಾಲಿಪೀಟಿನ ಡಬ್ಬಿ ಇಟ್ಟು, ಮುಚ್ಚಳ ತೆಗೆದು, ತನ್ನ ಜಾಗಕ್ಕೆ ಹೋಗಿ ಕೂತಳು. ಉಳಿದ ತರಬೇತಿಯನ್ನು ನಾನು ಬಾಯಲ್ಲಿ ಥಾಲಿಪೀಟು ಇಟ್ಟುಕೊಂಡೇ ಕೊಟ್ಟೆ.

ನಿಜವಾದ ಯುದ್ಧ ನಡೆದದ್ದು ಆ ಭಾನುವಾರ ಅವಳ ಮನೆಯಲ್ಲಿ. ಆ್ಯಪನ್ನು ತನ್ನ ಫೋನಿಗೆ ಹಾಕಿಸಿಕೊಂಡು, ಕನ್ನಡಕ ಏರಿಸಿ, ಒಂದೊಂದು ಅಕ್ಷರವನ್ನೂ ಓದಿದಳು.

"ರಜಾ ಯಾಕ ಬೇಕು ಅಂತ ಎಲ್ಲೆ ಕೇಳತದ ಇದು?"

ತೋರಿಸಿದೆ. ಐದು ಕಾರಣಗಳ ಪಟ್ಟಿ: ಅನಾರೋಗ್ಯ, ಮದುವೆ, ಸಾವು, ವೈಯಕ್ತಿಕ, ಇತರ.

"ಐದ? ಮನಷ್ಯಾಂದು ಜೀವನ ಐದರಾಗ ಮುಗೀತೇನು? ಮತ್ತ ಇದೇನು, ಇತರ? ಇತರ ಅಂದ್ರ ಏನು ಅರ್ಥ?"

"ಬ್ಯಾರೆ ಏನರ ಇದ್ರ, ಮಾವಶಿ."

"ಬ್ಯಾರೆ ಏನು ಅಂತ ಕೇಳಬೇಕೋ ಬ್ಯಾಡೋ? ಕೇಳದಿದ್ರ ಇದಕ್ಕ ಬುದ್ಧಿ ಅದ ಅಂತ ಹೆಂಗ ಅನಬೇಕು?"

ಮರುವಾರ ಅವಳು ತಾನೇ ಒಂದು ಪಟ್ಟಿ ಬರೆದುಕೊಂಡು ಮಾಲೀಕರ ಮಗಳ ಕೋಣೆಗೆ ಹೋದಳು. ಅವರನ್ನು ಎಲ್ಲರೂ ಮ್ಯಾಡಮ್ ಎನ್ನುತ್ತಿದ್ದರು, ಮಾವಶಿ ಮಾತ್ರ ಮನೆಯಲ್ಲಿ ಕರೆಯುವ ಮುದ್ದಿನ ಹೆಸರಿನಿಂದ ಕರೆಯುತ್ತಿದ್ದಳು. ಫ್ರಾಕು ಹಾಕಿಕೊಂಡು ಕಾರ್ಖಾನೆಗೆ ಬರುತ್ತಿದ್ದಾಗಿನಿಂದ ಕಂಡವಳಲ್ಲವೇ! ಪಟ್ಟಿಯಲ್ಲಿ ಅರವತ್ತೊಂದು ಕಾರಣಗಳಿದ್ದವು. "ಪಾಲಖಿ ಬಂತು, ದಾರಿ ಬಂದ್." "ಕಾತ್ರಜ ಘಾಟಿನಲ್ಲಿ ಬಸ್ಸು ನಿಂತಿತು." "ಎಮ್ಮೆ ಈಯಿತು." "ಮೈದುನನ ಮದುವೆ (ಖರೇ)." ಅದರ ಕೆಳಗೆ, "ಮೈದುನನ ಮದುವೆ (ಸಂಶಯ)."

ಮ್ಯಾಡಮ್ ನಕ್ಕು, ಹಿರಿಯರ ಮಾತು ಎಂದು, ಅರವತ್ತೊಂದನ್ನೂ ಹಾಕಿಸಿಬಿಟ್ಟರು. ಪರಿಣಾಮ? ತಮ್ಮ ಜೀವನದಲ್ಲಿ ಇಷ್ಟೆಲ್ಲ ಆಗಬಹುದೆಂದು ಕಾರ್ಮಿಕರಿಗೆ ಗೊತ್ತೇ ಇರಲಿಲ್ಲ! ಚಹಾದ ಹೊತ್ತಿನಲ್ಲಿ ಪಟ್ಟಿಯನ್ನು ಗಟ್ಟಿಯಾಗಿ ಓದಿ ಓದಿ ನಕ್ಕರು. ಕೈಗೆ ಸಿಕ್ಕಿದ್ದನ್ನು ಒತ್ತತೊಡಗಿದರು. ಮೂರನೆಯ ಮಹಡಿಯ ಫ್ಲ್ಯಾಟಿನಲ್ಲಿರುವ, ಹಾಲನ್ನು ಪ್ಯಾಕೆಟ್ಟಿನಲ್ಲಿ ಬಿಟ್ಟರೆ ಬೇರೆಲ್ಲೂ ಕಾಣದ ಖರೀದಿ ವಿಭಾಗದ ಮುಖ್ಯಸ್ಥರು ಒಂದೇ ತಿಂಗಳಲ್ಲಿ ಎರಡು ಸಲ "ಎಮ್ಮೆ ಈಯಿತು" ಎಂದು ರಜೆ ಹಾಕಿದರು.

"ಮಾವಶಿ, ಒಂದ ಎಮ್ಮಿ ತಿಂಗಳದಾಗ ಎರಡು ಸಲ ಹೆಂಗ ಈತದ?" ಎಂದು ಕೇಳಿದೆ.

"ಎರಡು ಎಮ್ಮಿ ಇರಬೇಕು" ಎಂದಳು, ಮುಖ ಆಚೆ ತಿರುಗಿಸಿಕೊಂಡು. ಮರುದಿನ ಪಟ್ಟಿ ಮತ್ತೆ ಐದಕ್ಕಿಳಿಯಿತು.

ಆದರೆ ಕಷ್ಟ ಶುರುವಾದದ್ದು ಪಟ್ಟಿಯಿಂದಲ್ಲ. ಅಷ್ಟು ವರ್ಷ ಯಾರಿಗೆ ರಜೆ ಕೊಡಬೇಕು, ಯಾರಿಗೆ ಬೇಡ ಎಂದು ತೀರ್ಮಾನಿಸುತ್ತಿದ್ದವಳು ಮಾವಶಿ. ಫೋರ್‌ಮನ್‌ಗಳ ಕೆಲಸ ಸಹಿ ಹಾಕುವುದಷ್ಟೇ. ಈಗ ಆ್ಯಪು ನೇರವಾಗಿ ಫೋರ್‌ಮನ್‌ನನ್ನೇ ಕೇಳತೊಡಗಿತು: ಒಪ್ಪಿಗೆಯೋ, ಇಲ್ಲವೋ? ಮೋಟರಿಗೆ ತಾಮ್ರದ ತಂತಿ ಸುತ್ತುವ ವೈಂಡಿಂಗ್ ವಿಭಾಗದ ಫೋರ್‌ಮನ್ ಗುಡುಗುವ ದನಿಯ ಆಳು, ಆದರೆ ಹೃದಯ ಬೆಣ್ಣೆ. ಯಾರಿಗೂ ಇಲ್ಲವೆಂದು ಹೇಳಿ ಗೊತ್ತಿಲ್ಲ. ಫೋನು ಟಿಣ್ ಎಂದರೆ ಸಾಕು, ಒಪ್ಪಿಗೆ. ಒಂದು ಶನಿವಾರ ಬೆಳಿಗ್ಗೆ ನಾನು ಯಾವುದೋ ದುರಸ್ತಿಗೆಂದು ಹೋದರೆ, ವೈಂಡಿಂಗ್ ವಿಭಾಗದಲ್ಲಿ ನರಪಿಳ್ಳೆ ಇಲ್ಲ. ಫೋರ್‌ಮನ್ ಒಬ್ಬನೇ ಸ್ಟೂಲಿನ ಮೇಲೆ ಕೂತು ತಂತಿ ಸುತ್ತುತ್ತಿದ್ದ.

ಈ ಸುದ್ದಿ ಕೇಳಿ ಮಾವಶಿ ಹಿಗ್ಗುತ್ತಾಳೆ, "ನಾ ಹೇಳಿದ್ದಿಲ್ಲೇನು?" ಎನ್ನುತ್ತಾಳೆ ಎಂದುಕೊಂಡಿದ್ದೆ. ಹಾಗೇನೂ ಆಗಲಿಲ್ಲ. ಅವಳು ಹೋಗಿ ಫೋರ್‌ಮನ್‌ನ ಎದುರು ಇನ್ನೊಂದು ಸ್ಟೂಲು ಎಳೆದುಕೊಂಡು ಕೂತಳು. ಅವನು ಮರಾಠಿಯವನು, ಮಾತೆಲ್ಲ ಮರಾಠಿಯಲ್ಲೇ ಆಯಿತು. ನಮ್ಮ ಮಾತಿನಲ್ಲಿ ಹೇಳುವುದಾದರೆ ಹೀಗೆ:

"ನಾನು ನಿಮ್ಮ ಕೈಕೆಳಗಿನಾಕಿ ಅಂತ ತಿಳ್ಕೋರಿ. ನನಗ ನಾಡದ್ದು ರಜಾ ಬೇಕು."

"ತಗೋರಿ."

"ತಪ್ಪು! ಮೊದಲ ಕ್ಯಾಲೆಂಡರ್ ನೋಡ್ರಿ. ಆ ದಿನ ಆಗಲೇ ನಾಕು ಮಂದಿ ಹೊಂಟಾರ. ಈಗ ಏನಂತೀರಿ?"

ಫೋರ್‌ಮನ್ ಬೆವರು ಒರೆಸಿಕೊಂಡ. "ಆಗೂದಿಲ್ರಿ."

"ಭೇಷ್!"

"ಆದ್ರ ತಗೋರಿ."

ಒಂದು ವಾರ ದಿನಾ ಊಟದ ಹೊತ್ತಿನಲ್ಲಿ ಈ ಪಾಠ ನಡೆಯಿತು. ಕೊನೆಗೆ ಫೋರ್‌ಮನ್ "ನಾಡಿದ್ದು ಆಗುವುದಿಲ್ಲ, ಆಚೆ ದಿನ ಆಗುತ್ತದೆ" ಎನ್ನುವುದನ್ನು ಕಲಿತ. ಉಳಿದ ವಿಭಾಗದವರೂ ಬಂದು ಕಲಿತರು. ಅಷ್ಟರಲ್ಲಿ ವೈಂಡಿಂಗ್ ವಿಭಾಗದ ಹೆಂಗಸರು ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ಯಾರ ಕೆಲಸವನ್ನು ಯಾರು ನೋಡಿಕೊಳ್ಳಬೇಕೆಂದು ಫೋನಿನ ಗುಂಪಿನಲ್ಲಿ ತಾವೇ ಮಾತಾಡಿಕೊಂಡು, ಆಮೇಲೆ ರಜೆ ಹಾಕತೊಡಗಿದರು. ನಮ್ಮ ಬಣ್ಣಬಣ್ಣದ ಬಾಣದ ಚಿತ್ರದಲ್ಲಿ ಇದು ಯಾವುದೂ ಇರಲಿಲ್ಲ! ನಾವು ಮಾರಿದ್ದು ಫೋನಿನಲ್ಲಿ ಒತ್ತುವ ಒಂದು ಗುಂಡಿ. ಆ ಗುಂಡಿಗಾಗಿ ಇಡೀ ಕಾರ್ಖಾನೆ "ಇಲ್ಲ" ಎನ್ನುವುದನ್ನೂ ಹೊಂದಿಕೊಳ್ಳುವುದನ್ನೂ ಕಲಿಯಬೇಕಾಯಿತು. ಕಲಿಸಿದವಳು, ಆ ಗುಂಡಿ ಬೇಡವೆಂದು ಹಟ ಹಿಡಿದಿದ್ದ ಗುಮಾಸ್ತೆ.

ಆದರೂ ಅವಳಿಗೆ ಒಂದು ಮುಳ್ಳು ಚುಚ್ಚುತ್ತಲೇ ಇತ್ತು. "ಇತರ!" ಟೇಬಲ್ಲಿನ ಮುಂದೆ ಈಗ ಸಾಲಿಲ್ಲ. ದಿನವಿಡೀ ಪರದೆಯ ಮೇಲೆ ಹೆಸರುಗಳು, ಅವುಗಳ ಮುಂದೆ ಇತರ, ಇತರ, ಇತರ. ಅದರಲ್ಲೂ ವೈಂಡಿಂಗ್ ವಿಭಾಗದ ಒಬ್ಬ ಹೆಂಗಸು. ಬಿಜಾಪುರದ ಕಡೆಯವಳು, ಹದಿನೈದು ವರ್ಷದಿಂದ ಕೆಲಸದಲ್ಲಿದ್ದಳು, ಹಬ್ಬ ಬಿಟ್ಟರೆ ರಜೆ ಕೇಳಿದ್ದೇ ಇಲ್ಲ. ಈಗ ಹದಿನೈದು ದಿನಕ್ಕೊಮ್ಮೆ ಅರ್ಧ ದಿನ, ತಪ್ಪದೆ, ಇತರ.

"ಏನೋ ನಡದದ. ಕೇಳಿಬಿಡೂಣು ಬಾ" ಎಂದು ಒಂದು ದಿನ ಊಟದ ಹೊತ್ತಿಗೆ ನನ್ನನ್ನೂ ಎಳೆದುಕೊಂಡು ಹೋದಳು. ಆ ಹೆಂಗಸು ಗೋಡೆಗೊರಗಿ ರೊಟ್ಟಿ ತಿನ್ನುತ್ತಿದ್ದಳು. ಸುತ್ತ ಯಾರೂ ಇರಲಿಲ್ಲ.

"ಏನವಾ, ಅರ್ಧಾ ದಿನ ಅರ್ಧಾ ದಿನ ಎಲ್ಲೆ ಹೋಗತೀ? ಮೊದಲ ಹೋಗತಿದ್ದಿಲ್ಲ?"

ಅವಳು ರೊಟ್ಟಿ ಕೆಳಗಿಟ್ಟಳು. "ಮೊದಲೂ ಹೋಗೂದಿತ್ರಿ ಮಾವಶಿ. ಆಗಾಕಿಲ್ಲಂತ ಬಿಟ್ಟಿದ್ನಿ."

"ಯಾಕ ಆಗೂದಿಲ್ಲ? ನಾ ಬ್ಯಾಡ ಅಂತಿದ್ನೇನು?"

"ನೀವು ಬ್ಯಾಡ ಅಂತಿದ್ದಿಲ್ರಿ. ಯಾಕ ಅಂತಿದ್ರಿ. ಹಿಂದ ಹತ್ತು ಮಂದಿ ನಿಂತಿರತಿದ್ರು. ಅವರ ಮುಂದ ಹೇಳೂವಂಥಾದ್ದಲ್ರಿ ಅದು. ಸುಳ್ಳು ಹೇಳಾಕ ನನಗ ಬರೂದಿಲ್ಲ. ಅದಕ್ಕ ಸುಮ್ಮನ ಇದ್ನಿ."

ಹದಿನೈದು ವರ್ಷ! ಆ ಹೆಂಗಸು, "ಈಗ ನೀವಿಬ್ಬರ ಅದೀರಿ, ಹೇಳತೇನ್ರಿ" ಎಂದು ಬಾಯಿ ತೆರೆದಳು. ಮಾವಶಿ ಅಂಗೈ ಎತ್ತಿ ತಡೆದಳು.

"ಬ್ಯಾಡವಾ. ಹೇಳಬ್ಯಾಡ. ಊಟಾ ಮಾಡು."

ಕೇಳಬಹುದಾಗಿದ್ದ ಉತ್ತರವೊಂದನ್ನು ನನ್ನ ಮಾವಶಿ ಕೇಳದೆ ಬಿಟ್ಟದ್ದು, ನನಗೆ ತಿಳಿದ ಮಟ್ಟಿಗೆ, ಅದೇ ಮೊದಲು. ಅಲ್ಲಿಂದ ನೇರವಾಗಿ ಮ್ಯಾಡಮ್ಮಿನ ಕೋಣೆಗೆ ನುಗ್ಗಿದಳು. ಕಾರಣದ ಕಾಲಂ ತೆಗೆಯಬೇಕು. ಅರವತ್ತೊಂದೂ ಬೇಡ, ಐದೂ ಬೇಡ, ಒಂದೂ ಬೇಡ.

ಮ್ಯಾಡಮ್ ದಂಗಾದರು. ಫೋರ್‌ಮನ್‌ಗಳನ್ನು ಕರೆಸಿದರು, ನನ್ನನ್ನೂ ಕೂರಿಸಿಕೊಂಡರು. ಜೋಡಣೆ ವಿಭಾಗದ ಫೋರ್‌ಮನ್ ಮೇಲೆದ್ದೇ ನಿಂತ. ಕಾರಣ ಕೇಳದಿದ್ದರೆ ನಾಳೆ ಕಾರ್ಖಾನೆಗೆ ಬೀಗ ಹಾಕಬೇಕಾಗುತ್ತದೆ, ಭಯವೇ ಇಲ್ಲದಿದ್ದರೆ ಜನ ಬರುವುದೇ ಇಲ್ಲ ಎಂದ.

"ಭಯಾ ಎಷ್ಟು ವರ್ಷ ಇತ್ತು? ಇಷ್ಟೂ ವರ್ಷ ಇತ್ತಲ್ಲ?" ಎಂದಳು ಮಾವಶಿ. "ಏನಾತು? ಖರೇ ಕಾರಣ ಇದ್ದವರು ಬಾಯಿ ಮುಚ್ಚಿಕೊಂಡು ಕೂತರು. ಸುಳ್ಳು ಹೇಳೋವರು ನನ್ನ ಕೂಡ ಆಟಾ ಆಡಿದ್ರು. ನಾ ಕೇಳದಿದ್ರ ಒಬ್ಬ ಅಜ್ಜಿನೂ ಸಾಯತಿದ್ದಿಲ್ಲ! ವರ್ಷಕ್ಕ ಇಷ್ಟು ದಿನ ಅಂತ ನೀವ ಕೊಟ್ಟೀರಿ. ಕೊಟ್ಟ ಮ್ಯಾಲೆ ಆ ದಿನ ಅವರದು. ಯಾವಾಗ ಹೋಗತೀರಿ, ಕೆಲಸಾ ಯಾರು ನೋಡತಾರ, ಇಷ್ಟು ಕೇಳ್ರಿ. ಯಾಕ ಅಂತ ಕೇಳಬ್ಯಾಡ್ರಿ."

"ಮಾವಶಿ, ಇದು ನೀವು ಹೇಳತೀರಾ?" ಎಂದರು ಮ್ಯಾಡಮ್.

"ಮತ್ತ ಬ್ಯಾರೆ ಯಾರು ಹೇಳಬೇಕು? ಕೇಳಿದಾಕಿ ನಾನ ಅಲ್ಲೇನು?"

ಮೂರು ತಿಂಗಳು ನೋಡೋಣ ಎಂದು ತೀರ್ಮಾನವಾಯಿತು. ಕಾಲಂ ತೆಗೆದುಹಾಕಲು ನನಗೆ ಹಿಡಿದದ್ದು ಅರ್ಧ ಗಂಟೆ. ಕಾರ್ಖಾನೆಗೆ ಬೀಗವೇನೂ ಬೀಳಲಿಲ್ಲ. ಸುಳ್ಳು ಕಟ್ಟುವ ಕೆಲಸ ತಪ್ಪಿದ್ದರಿಂದಲೋ ಏನೋ, ಜನ ರಜೆಯನ್ನು ವಾರ ಮೊದಲೇ ತಿಳಿಸತೊಡಗಿದರು. ಫೋರ್‌ಮನ್‌ಗಳು ಹಿಂದಿನ ದಿನವೇ ಕೆಲಸ ಹಂಚಿಡತೊಡಗಿದರು. ಹಾಗೆಂದು ಎಲ್ಲರಿಗೂ ಹೊಂದಿಕೆಯಾಯಿತು ಎಂದಲ್ಲ. ಅಥಣಿಯ ಆ ಫಿಟ್ಟರ ರಜೆ ಸಿಕ್ಕ ಮೇಲೂ ಮಾವಶಿಯ ಟೇಬಲ್ಲಿನ ಮುಂದೆ ಬಂದು ನಿಂತನಂತೆ.

"ಏನಪಾ, ರಜಾ ಸಿಗಲಿಲ್ಲೇನು?"

"ಸಿಕ್ಕದರಿ. ಆದ್ರ ನೀವು ಏನೂ ಕೇಳಲಿಲ್ಲ. ಸಮಾಧಾನ ಆಗವಲ್ದು. ಈ ಸಲಾ ಖರೇನ ಮದುವಿ ಅದರಿ. ನನ್ನ ಮಗಳದು!" ಎಂದು ಲಗ್ನಪತ್ರಿಕೆ ಕೊಟ್ಟ. ಮದುವೆಗೆ ಕಾರ್ಖಾನೆಯಿಂದ ಹೋದವರಲ್ಲಿ ಅಕ್ಷತೆ ಹಾಕಲು ಎಲ್ಲರಿಗಿಂತ ಮುಂದೆ ನಿಂತವಳು ಮಾವಶಿ.

ನನ್ನ ಬಾಸ್ ಈಗ ಯಾವ ಹೊಸ ಕಂಪನಿಗೆ ಹೋದರೂ, "ಸರ್, ಕಾರಣದ ಕಾಲಂ ನಿಮಗೆ ನಿಜವಾಗ್ಲೂ ಬೇಕಾ?" ಎಂದು ಗಂಭೀರವಾಗಿ ಕೇಳುತ್ತಾರೆ. ಅದು ತಮ್ಮದೇ ವಿಚಾರವೆಂದು ಅವರಿಗೆ ಗಟ್ಟಿ ನಂಬಿಕೆಯಾಗಿಬಿಟ್ಟಿದೆ. ನಾನು ತಿದ್ದಲು ಹೋಗಿಲ್ಲ.

ಇಲ್ಲಿಗೇ ನಿಲ್ಲಿಸಬಹುದಿತ್ತು. ಆದರೆ ಕಳೆದ ಚಳಿಗಾಲದ ಒಂದು ಬೆಳಿಗ್ಗೆಯ ಮಾತು ಹೇಳದಿದ್ದರೆ ನನ್ನ ಮಾವಶಿಯ ಬಗ್ಗೆ ಏನೂ ಹೇಳಿದಂತಾಗುವುದಿಲ್ಲ.

ಹಿಂದಿನ ದಿನ ನಾನು ಆಸ್ಪತ್ರೆಯಲ್ಲಿದ್ದೆ. ಮೂರು ತಿಂಗಳ ಗರ್ಭ ನಿಲ್ಲಲಿಲ್ಲ. ಗಂಡ ಕೆಲಸದ ಮೇಲೆ ಬೇರೆ ಊರಿಗೆ ಹೋಗಿದ್ದ, ಸುದ್ದಿ ತಿಳಿದು ಹೊರಟಿದ್ದ, ಬಂದು ಮುಟ್ಟುವುದು ಸಂಜೆಯಾಗುತ್ತಿತ್ತು. ಬಸಿರಾದದ್ದನ್ನೇ ಇನ್ನೂ ಯಾರಿಗೂ ಹೇಳಿರಲಿಲ್ಲ. ಹೋದದ್ದನ್ನು ಹೇಗೆ ಹೇಳುವುದು? ಬೆಳಿಗ್ಗೆ ಆಸ್ಪತ್ರೆಯಿಂದ ಬಿಟ್ಟ ಮೇಲೆ ರಿಕ್ಷಾದವನು ಎಲ್ಲಿಗೆ ಎಂದು ಕೇಳಿದ. ಧನಕವಡಿ ಎಂದೆ. ಯಾಕೆಂದು ನನಗೇ ಗೊತ್ತಿರಲಿಲ್ಲ.

ಮಾವಶಿ ಕಾರ್ಖಾನೆಗೆ ಹೊರಟು ನಿಂತಿದ್ದಳು, ಹೆಗಲಿಗೆ ಚೀಲ, ಕಾಲಲ್ಲಿ ಚಪ್ಪಲಿ. ಬಾಗಿಲು ತೆರೆದು ನನ್ನನ್ನು ನೋಡಿದಳು. ಸೂಜಿ ಚುಚ್ಚಿದ ಕಡೆ ಹತ್ತಿ ಅಂಟಿಸಿದ್ದ ನನ್ನ ಕೈಯನ್ನು ನೋಡಿದಳು. ವಾರದ ನಡುವೆ, ಮುಂಜಾನೆ, ಒಬ್ಬಳೇ, ಈ ಮುಖ ಹೊತ್ತುಕೊಂಡು! ನೂರು ಪ್ರಶ್ನೆ ಅವಳ ನಾಲಗೆಯ ತುದಿಗೆ ಬಂದದ್ದು ನನಗೆ ಕಾಣಿಸಿತು. ಬಾಯಿ ತೆರೆಯಿತು. ಮುಚ್ಚಿತು.

"ಒಳಗ ಬಾ" ಎಂದಳು.

ಚೀಲ ಇಳಿಸಿ, ಹಾಸಿಗೆ ಹಾಸಿ, ಬಿಸಿ ಬಿಸಿ ಗಂಜಿ ಕುಡಿಸಿ ಮಲಗಿಸಿದಳು. ಫೋನು ತೆಗೆದು ಏನೋ ಒತ್ತಿದಳು. ಐದು ನಿಮಿಷಕ್ಕೆ ಅದು ಬಡಿದುಕೊಳ್ಳತೊಡಗಿತು. ವೈಂಡಿಂಗ್ ವಿಭಾಗದ ಫೋರ್‌ಮನ್‌ನ ಗುಡುಗು ದನಿ ನನಗೂ ಕೇಳಿಸಿತು: ಮಾವಶಿ ರಜೆ ಹಾಕಿದ್ದಾರಾ? ಇಷ್ಟು ವರ್ಷದಲ್ಲಿ ಹೀಗೆ ದಿಢೀರನೆ ಯಾವತ್ತೂ ಹಾಕಿದವರಲ್ಲ! ಏನಾಯಿತು, ಯಾಕೆ?

"ಯಾಕ ಅಂತ ಕೇಳೂಹಂಗಿಲ್ಲ, ಗೊತ್ತಿಲ್ಲೇನು?" ಎಂದು ಮೆಲ್ಲನೆ ಮರಾಠಿಯಲ್ಲಿ ಗದರಿಸಿ ಫೋನು ಬಂದ್ ಮಾಡಿದಳು.

ನನಗೆ ಎಚ್ಚರವಾದಾಗ ಕಿಟಕಿಯಿಂದ ಮಧ್ಯಾಹ್ನದ ಬಿಸಿಲು ಹಾಸಿಗೆಯವರೆಗೆ ಬಂದಿತ್ತು. ಮಾವಶಿ ನನ್ನ ಕಾಲ ಬಳಿ ಕೂತು ಹಸಿ ಬಟಾಣಿ ಸುಲಿಯುತ್ತಿದ್ದಳು. ಪಾತ್ರೆಯಲ್ಲಿ ಸದ್ದಾಗಬಾರದೆಂದು ಕಾಳುಗಳನ್ನು ಸೆರಗಿನಲ್ಲಿ ಹಾಕಿಕೊಳ್ಳುತ್ತಿದ್ದಳು. ನಾನು ಎದ್ದದ್ದು ನೋಡಿದರೂ ಏನೂ ಕೇಳಲಿಲ್ಲ. ಇನ್ನೊಂದು ಕಾಯಿ ಕೈಗೆತ್ತಿಕೊಂಡಳು, ಅಷ್ಟೇ.

ಆಗ ನಾನೇ ಹೇಳಿದೆ. ಎರಡೇ ಮಾತು.

ಅವಳ ಕೈ ನಿಂತಿತು. ಸೆರಗನ್ನು ಕೊಡವಿ ಎದ್ದಳು, ಕಾಳೆಲ್ಲ ನೆಲದ ಮೇಲೆ ಉರುಳಿಹೋದವು. ಬಂದು ನನ್ನ ತಲೆಯ ಹತ್ತಿರ ಕೂತು, ನನ್ನ ಮುಖವನ್ನು ತನ್ನ ಹೊಟ್ಟೆಗೆ ಒತ್ತಿ ಹಿಡಿದುಕೊಂಡಳು. ಆಮೇಲೆ ನನ್ನ ಕೂದಲಲ್ಲಿ ಬೆರಳಾಡಿಸುತ್ತ ಹೇಳಿದಳು:

"ನಾಳೆನೂ ರಜಾ ಹಾಕೇನಿ."